ಪುಸ್ತಕದ ಮೇಲೆ ‘1340’ ಅಂತಿದ್ರೆ ಅದು ಎಷ್ಟು ಹಳೇದು?

ಗಿಲ್ಲೆಸುಗೂರು, ಮಾನ್ವಿ, ದೇವದುರ್ಗದ ಕಡೆ ಹಳೆ ಮನೆಯ ಟ್ರಂಕ್ ತೆಗೆದ್ರೆ ಮೂರು ಥರದ ಪುಸ್ತಕ ಸಿಗಬಹುದು: ಸರ್ಕಾರದ್ದು, ಸೈನ್ಯದ ಕಾನೂನಿನದು, ದೇವರ ಪದಗಳದ್ದು. ಗುಜರಿಗೆ ಹಾಕೋ ಮುಂಚೆ ಅದರ ಇಸವಿ ನೋಡಿ.

ಮೊದಲು ಸರ್ಕಾರದ್ದು. 1948ರವರೆಗೆ ರಾಯಚೂರು ನಿಜಾಮರ ಆಳ್ವಿಕೆಯಲ್ಲಿತ್ತು. ಆಡಳಿತ ಉರ್ದುವಿನಲ್ಲಿ, ವರ್ಷದ ಲೆಕ್ಕ ಫಸಲಿಯಲ್ಲಿ. ‘1340 ಫಸಲಿ’ ಅಂತಿದ್ರೆ ಏಳುನೂರು ವರ್ಷ ಹಳೇದು ಅಂದ್ಕೋಬೇಡಿ. 590 ಕೂಡಿಸಿ, ಅದು 1930-31. ಅಜ್ಜನ ಕಾಲದ ಹೊಲದ ಕಾಗದ ಓದೋಕೂ ಇದೇ ಲೆಕ್ಕ ಬೇಕು.

ಎರಡನೇದು ಸೈನ್ಯದ್ದು. 1948ರ ಸೆಪ್ಟೆಂಬರ್‌ನಲ್ಲಿ ಪೊಲೀಸ್ ಕಾರ್ಯಾಚರಣೆ ಆಯ್ತು. ಆಮೇಲೆ ಮಿಲಿಟರಿ ಗವರ್ನರ್ ಜೆ.ಎನ್. ಚೌಧರಿ ಆಡಳಿತ ನಡೆಸಿದರು. ಆಗ ಭಾರತೀಯ ಸೈನ್ಯಕ್ಕಿದ್ದದ್ದು 1911ರ ಕಾಯ್ದೆ. 1950ರಲ್ಲಿ ಹೊಸದು ಬಂತು. ಹಾಗಾಗಿ ಹಳೆ ಪ್ರತಿ ಇವತ್ತಿನ ಕಾನೂನಲ್ಲ, ಇತಿಹಾಸದ ಸಾಕ್ಷಿ.

ಮೂರನೇದು ಭಕ್ತಿ. ಮಾನ್ವಿಯ ಜಗನ್ನಾಥದಾಸರ ‘ಹರಿಕಥಾಮೃತಸಾರ’ದಂಥ ಪುಸ್ತಕದಲ್ಲಿ ಶಕ ವರ್ಷ ಇರಬಹುದು. ಅದಕ್ಕೆ 78 ಕೂಡಿಸಿ. ಶಕ 1830 ಅಂದ್ರೆ 1908. ಅದು ಅಚ್ಚಾದ ವರ್ಷ ಅಷ್ಟೇ. ದಾಸರು 18ನೇ ಶತಮಾನದಲ್ಲೇ ಹುಟ್ಟಿದವರು.

ಹರಿದ ಹಾಳೆಗೆ ಸೆಲ್ಲೋಟೇಪ್ ಹಚ್ಚಬೇಡಿ. ಮೊದಲ ಮತ್ತು ಕೊನೆಯ ಪುಟದ ಫೋಟೊ ತೆಗೆದಿಡಿ. ಉರ್ದು ಬಲ್ಲ ಹಿರಿಯರು ಊರಲ್ಲಿದ್ರೆ ಈಗಲೇ ಓದಿಸಿಕೊಳ್ಳಿ. ಪುಸ್ತಕ ಇನ್ನೂ ಹತ್ತು ವರ್ಷ ಕಾಯಬಹುದು, ಓದಿ ಹೇಳೋರು ಕಾಯೋದು ಕಷ್ಟ.