ಪೇಚಾಟಕ್ಕೊಂದು ಕ್ಯಾಮೆರಾ

ಕಾರಿನಲ್ಲಿ ಹೋಗುತ್ತಿದ್ದೀರಿ, ಸ್ಟಾಪ್ ಸೈನ್ ಬಂತು. ಪಕ್ಕದ ಕಾರಿನಲ್ಲಿ ಆಫೀಸಿನವರೊಬ್ಬರು. ನಕ್ಕು ಕೈಬೀಸಿದಿರಿ. ಮುಂದಿನ ಸ್ಟಾಪ್ ಸೈನಿನಲ್ಲೂ ಅವರೇ! ಮತ್ತೆ ಕೈಬೀಸಬೇಕೆ, ನೋಡದವರಂತೆ ಇರಬೇಕೆ?

ಇಷ್ಟು ಸಣ್ಣ ಪೇಚಿನಿಂದಲೇ 2011ರ ಫೆಬ್ರವರಿಯಲ್ಲಿ ಯೂಟ್ಯೂಬಿನಲ್ಲಿ ಒಂದು ಕಿರುಚಿತ್ರ ಮಾಲಿಕೆ ಶುರುವಾಯಿತು. ಹೆಸರು 'ದಿ ಮಿಸ್‌ಅಡ್ವೆಂಚರ್ಸ್ ಆಫ್ ಆಕ್ವರ್ಡ್ ಬ್ಲ್ಯಾಕ್ ಗರ್ಲ್'. ಬರೆದು ನಟಿಸಿದಾಕೆ ಇಸಾ ರೇ. 1985ರಲ್ಲಿ ಹುಟ್ಟಿ, 2007ರಲ್ಲಿ ಸ್ಟ್ಯಾನ್‌ಫರ್ಡ್‌ನಲ್ಲಿ ಪದವಿ ಪಡೆದವರು.

1981ರಿಂದ 1996ರ ನಡುವೆ ಹುಟ್ಟಿದವರನ್ನು ಸಾಮಾನ್ಯವಾಗಿ ಮಿಲೆನಿಯಲ್ ಎನ್ನುತ್ತಾರೆ. ಅವರಲ್ಲಿ ಎಷ್ಟೋ ಮಂದಿ ಓದು ಮುಗಿಸುವ ಹೊತ್ತಿಗೆ 2008ರ ಆರ್ಥಿಕ ಕುಸಿತ ಬಾಗಿಲಲ್ಲಿ ನಿಂತಿತ್ತು. ಮಾಲಿಕೆಯ ನಾಯಕಿ 'ಜೆ' ಕೂಡ ತೂಕ ಇಳಿಸುವ ಮಾತ್ರೆ ಮಾರುವ ಕಾಲ್ ಸೆಂಟರಿನಲ್ಲಿ ಬೇಸರದಿಂದ ದುಡಿಯುವವಳು. ಸಿಟ್ಟು ಬಂದರೆ ಕೋಣೆಯಲ್ಲಿ ಒಬ್ಬಳೇ ಕೂತು ರ‍್ಯಾಪ್ ಬರೆಯುತ್ತಾಳೆ.

ಹಾಸ್ಯದ ಗುಟ್ಟು ಸರಳ. ಜೆ ಬಾಯಲ್ಲಿ ಆಡುವುದು ಒಂದು, ಮನಸ್ಸಿನಲ್ಲಿ ಅಂದುಕೊಳ್ಳುವುದು ಇನ್ನೊಂದು. ಹಿನ್ನೆಲೆ ದನಿಯಾಗಿ ಆ ಮನಸ್ಸಿನ ಮಾತೂ ನಮಗೆ ಕೇಳಿಸುತ್ತದೆ. ಕಪ್ಪು ಹುಡುಗಿ ಎಂದರೆ ಜೋರುಬಾಯಿಯವಳೇ ಎಂಬಂತೆ ಟೀವಿ ತೋರಿಸುತ್ತಿದ್ದ ಕಾಲದಲ್ಲಿ, ಸಂಕೋಚದ ಮುದ್ದೆಯಂಥ ಈ ಹುಡುಗಿ ಹೊಸಬಳು. ಕನ್ನಡದಲ್ಲಿ ಯೋಚಿಸಿ ಇಂಗ್ಲಿಷಿನಲ್ಲಿ ನಗುವ ನಮಗೆ ಆ ಎರಡು ದನಿಗಳ ಪಾಡು ಅಪರಿಚಿತವೇನಲ್ಲ, ಅಲ್ಲವೆ?

ಕೈಯಲ್ಲಿದ್ದ ಹಣ ಸಾಲದೆ ಅದೇ ವರ್ಷ ಕಿಕ್‌ಸ್ಟಾರ್ಟರ್‌ನಲ್ಲಿ 30,000 ಡಾಲರ್ ಕೇಳಿದರು. ನೋಡುಗರು 56,000ಕ್ಕೂ ಹೆಚ್ಚು ಕೊಟ್ಟರು. ಮುಂದೆ ಎಚ್‌ಬಿಓ ವಾಹಿನಿಗಾಗಿ ಲ್ಯಾರಿ ವಿಲ್ಮೋರ್ ಜೊತೆ ರೂಪಿಸಿದ 'ಇನ್‌ಸೆಕ್ಯೂರ್' 2016ರಿಂದ 2021ರವರೆಗೆ ನಡೆಯಿತು.

ತಂತ್ರಜ್ಞಾನದವನಾಗಿ ನನಗೆ ದೊಡ್ಡದೆನಿಸುವುದು ಆಮೇಲಿನ ಎಚ್‌ಬಿಓ ಅಲ್ಲ. ಯಾವ ವಾಹಿನಿಯ ಅಪ್ಪಣೆಗೂ ಕಾಯದೆ ಮೊದಲ ಕಂತನ್ನು ಜನರ ಮುಂದಿಟ್ಟದ್ದು. ಯೂಟ್ಯೂಬ್ ಬಾಗಿಲು ತೆರೆದಿತ್ತು, ನಿಜ. ಆದರೆ ತನ್ನ ಮುಜುಗರವನ್ನೇ ಹೊತ್ತು ಒಳಗೆ ಕಾಲಿಡುವ ಧೈರ್ಯವನ್ನು ಯಾವ ಸಾಫ್ಟ್‌ವೇರೂ ಕೊಡುವುದಿಲ್ಲ.

ಕಳೆದ ತಿಂಗಳು ನನ್ನ ಮಗಳು ಅಡುಗೆಮನೆಯಲ್ಲಿ ಫೋನ್ ನಿಲ್ಲಿಸಿಕೊಂಡು, ಊರಿನ ಅಜ್ಜಿಯೊಡನೆ ತನ್ನ ಹರುಕುಮುರುಕು ಕನ್ನಡದಲ್ಲಿ ಮಾತಾಡುವ ಪೇಚಾಟವನ್ನೇ ಅಭಿನಯಿಸುತ್ತಿದ್ದಳು. "ಹೋಮ್‌ವರ್ಕ್ ಮುಗೀತಾ?" ಎಂದು ಗದರಿಬಿಟ್ಟೆ. ಅವಳು ಸುಮ್ಮನೆ ಫೋನ್ ಎತ್ತಿಕೊಂಡು ಹೋದಳು.

ಆಮೇಲೆ ಆ ಎರಡು ನಿಮಿಷದ ಚಿತ್ರ ತೋರಿಸು ಎಂದು ನಾನೇ ಕೇಳಿದೆ. ನಕ್ಕೆ, ನಡುವೆ ಒಮ್ಮೆ ಗಂಟಲು ಕಟ್ಟಿತು. ಅಜ್ಜಿಗೆ ಹೇಳಬೇಕೆಂದಿದ್ದು ಅವಳಲ್ಲಿ ಅಷ್ಟೊಂದಿತ್ತು, ಕನ್ನಡ ಮಾತ್ರ ಸಾಲುತ್ತಿರಲಿಲ್ಲ.