ಕಾಲೇಜಿಗೆ ಅಪ್ರೂವಲ್ ಲೇಟಾದ್ರೆ ನಿಮ್ಮ ಸೀಟಿನ ಗತಿಯೇನು?

ಅಡ್ಮಿಷನ್ ಸಮಯದಲ್ಲಿ ಕೆಲವು ಕಾಲೇಜುಗಳ ಕೌಂಟರ್‌ನಲ್ಲಿ ಒಂದು ಮಾತು ಕೇಳಿಬರುತ್ತೆ: "ಹೊಸ ಕೋರ್ಸಿಗೆ ಅಪ್ರೂವಲ್ ಇನ್ನೇನು ಬಂದೇ ಬಿಡುತ್ತೆ, ಕೋರ್ಟ್ ಆರ್ಡರ್ ಇದೆ, ನೀವು ಫೀಸ್ ಕಟ್ಟಿ." ಈ ಕೋರ್ಟ್ ಆರ್ಡರ್ ಅಂದ್ರೆ ನಿಜಕ್ಕೂ ಏನು, ಅದು ಯಾರನ್ನ ಕಾಪಾಡುತ್ತೆ ಅನ್ನೋದೇ ಇವತ್ತಿನ ಸಂಚಿಕೆ.

ಒಂದು ಕೋರ್ಸ್ ಶುರುವಾಗೋಕೆ ಒಂದೇ ಕಡೆಯ ಸಹಿ ಸಾಲದು. ಬಿ.ಫಾರ್ಮಾ ತಗೊಳ್ಳಿ. ಫಾರ್ಮಸಿ ಕೌನ್ಸಿಲ್ ಆಫ್ ಇಂಡಿಯಾ ಒಪ್ಪಬೇಕು, ರಾಜ್ಯ ಸರ್ಕಾರದ ಎನ್‌ಒಸಿ ಬೇಕು, ವಿಶ್ವವಿದ್ಯಾಲಯದ ಸಂಯೋಜನೆ ಬೇಕು. ಇಂಜಿನಿಯರಿಂಗ್ ಆದ್ರೆ ಎಐಸಿಟಿಇ, ಆಮೇಲೆ ವಿಟಿಯು ಥರದ ವಿಶ್ವವಿದ್ಯಾಲಯ. ಇದ್ರಲ್ಲಿ ಒಂದು ಕಡೆ ಫೈಲ್ ಕೂತ್ರೂ ಉಳಿದವು ಇದ್ದೂ ಪ್ರಯೋಜನ ಇಲ್ಲ.

ಈ ಫೈಲುಗಳಿಗೆ ಗಡುವು ಇಲ್ವಾ? ಇದೆ. 2012ರಲ್ಲಿ ಪಾರ್ಶ್ವನಾಥ್ ಚಾರಿಟಬಲ್ ಟ್ರಸ್ಟ್ ಕೇಸಿನಲ್ಲಿ ಸುಪ್ರೀಂ ಕೋರ್ಟೇ ತಾಂತ್ರಿಕ ಕೋರ್ಸುಗಳಿಗೆ ಕ್ಯಾಲೆಂಡರ್ ಹಾಕಿಕೊಟ್ಟಿತು. ಅದರ ಪ್ರಕಾರ ಎಐಸಿಟಿಇ ಏಪ್ರಿಲ್ 10ರೊಳಗೆ ಹೌದು ಅಥವಾ ಇಲ್ಲ ಅನ್ನಬೇಕಿತ್ತು. ವಿಶ್ವವಿದ್ಯಾಲಯ ಮತ್ತು ರಾಜ್ಯ ಸರ್ಕಾರ ಮೇ 15ರೊಳಗೆ. ತರಗತಿ ಆಗಸ್ಟ್ 1ಕ್ಕೆ ಶುರುವಾಗಬೇಕಿತ್ತು, ಆಗಸ್ಟ್ 15 ಆದಮೇಲೆ ಯಾವ ಕೋಟಾದಲ್ಲೂ ಯಾರನ್ನೂ ಸೇರಿಸಿಕೊಳ್ಳುವಂತಿರಲಿಲ್ಲ. ಮುಂದೆ ಕೋವಿಡ್ ಕಾಲದಲ್ಲಿ ಈ ದಿನಾಂಕಗಳನ್ನ ಕೋರ್ಟೇ ಮುಂದಕ್ಕೆ ಹಾಕಿದ್ದೂ ಉಂಟು. ಆದ್ರೆ ಚೌಕಟ್ಟು ಇದೇ. ಇದರ ಇನ್ನೊಂದು ಮುಖ ನೋಡಿ: ಅಧಿಕಾರಿ ತಡ ಮಾಡಿದ್ರೂ ಕೊನೇ ದಿನಾಂಕ ತಾನಾಗಿ ಮುಂದಕ್ಕೆ ಹೋಗಲ್ಲ. ತಡ ಅವರದ್ದು, ವರ್ಷ ನಿಮ್ಮದು.

ಹಾಗಾಗಿ ಕಾಲೇಜುಗಳು ಹೈಕೋರ್ಟಿಗೆ ರಿಟ್ ಅರ್ಜಿ ಹಾಕ್ತವೆ. ಇಲ್ಲಿ ತುಂಬಾ ಜನ ತಪ್ಪು ತಿಳ್ಕೊಳ್ಳೋ ವಿಷಯ ಇದೆ. ಕೋರ್ಟ್ ಸಾಮಾನ್ಯವಾಗಿ "ಅನುಮತಿ ಕೊಡಿ" ಅನ್ನಲ್ಲ. "ಅರ್ಜಿಯನ್ನ ಇಷ್ಟು ವಾರದೊಳಗೆ ಪರಿಶೀಲಿಸಿ ತೀರ್ಮಾನ ಮಾಡಿ" ಅನ್ನುತ್ತೆ. ಆ ತೀರ್ಮಾನ "ಇಲ್ಲ" ಅಂತಲೂ ಆಗಬಹುದು. ಕೌಂಟರ್‌ನಲ್ಲಿ ಹೇಳೋ 'ಕೋರ್ಟ್ ಆರ್ಡರ್' ಇಷ್ಟೇ ಆಗಿರೋ ಸಾಧ್ಯತೆ ಇದೆ.

ಕಾಲೇಜೇ ಗೆದ್ದ ಕೇಸ್ ಕೂಡ ಎಷ್ಟು ಎಳೀತು ನೋಡಿ. ಫಾರ್ಮಸಿ ಕೌನ್ಸಿಲ್ 2019ರಲ್ಲಿ ಒಂದು ನಿರ್ಣಯ ಮಾಡಿ, 2020-21ರಿಂದ ಐದು ವರ್ಷ ಹೊಸ ಫಾರ್ಮಸಿ ಕಾಲೇಜು ಬೇಡ ಅಂತು. ಕೆಲವು ವಿನಾಯಿತಿ ಇತ್ತು, ಅಷ್ಟೇ. ಕರ್ನಾಟಕ, ದೆಹಲಿ, ಛತ್ತೀಸ್‌ಗಢ ಹೈಕೋರ್ಟುಗಳು ಅದನ್ನ ರದ್ದು ಮಾಡಿದವು. ಕೌನ್ಸಿಲ್ ಸುಪ್ರೀಂ ಕೋರ್ಟಿಗೆ ಹೋಯ್ತು. ಆ ಕೇಸಿನ ಹೆಸರಲ್ಲೇ ನಮ್ಮ ರಾಜೀವ್ ಕಾಲೇಜ್ ಆಫ್ ಫಾರ್ಮಸಿ ಇದೆ. ಇಂಥ ನಿಷೇಧವನ್ನ ಬರೀ ಆಡಳಿತಾತ್ಮಕ ಸೂಚನೆಯಿಂದ ಹೇರೋಕಾಗಲ್ಲ, ಕಾನೂನಿನ ಪ್ರಕಾರ ನಿಯಮ ರೂಪಿಸಬೇಕು ಅಂತ ತೀರ್ಪು ಬಂತು. ಯಾವಾಗ? 2022ರ ಸೆಪ್ಟೆಂಬರ್ 15ಕ್ಕೆ. ಅಷ್ಟರಲ್ಲಿ ಎರಡು ಶೈಕ್ಷಣಿಕ ವರ್ಷ ಮುಗಿದಿದ್ವು.

ನಾನು ಬಿ.ಕಾಂ ಓದಿದವನು, ಕಾಲೇಜಿನ ಲೆಕ್ಕವೂ ಅರ್ಥ ಆಗುತ್ತೆ. ಕಟ್ಟಡ ಎದ್ದಿದೆ, ಸಂಬಳ ಹೋಗ್ತಿದೆ, ಬ್ಯಾಂಕ್ ಬಡ್ಡಿ ನಿಲ್ಲಲ್ಲ. ಒಂದು ಬ್ಯಾಚ್ ತಪ್ಪಿದ್ರೆ ಕೋರ್ಸಿನ ಅಷ್ಟೂ ವರ್ಷ ಆ ಬ್ಯಾಚಿನ ಫೀಸ್ ಇಲ್ಲ. ಅದಕ್ಕೇ ಅನುಮತಿ ಬರೋ ಮೊದಲೇ ಸೇರಿಸಿಕೊಳ್ಳೋ ಆಸೆ. ಆದ್ರೆ ಆ ರಿಸ್ಕನ್ನ ಹದಿನೆಂಟರ ಹುಡುಗ ಹುಡುಗಿಯರ ತಲೆಗೆ ಕಟ್ಟೋದು ನನ್ನ ಪ್ರಕಾರ ವ್ಯಾಪಾರವೂ ಅಲ್ಲ, ವಂಚನೆ.

ಯಾಕಂದ್ರೆ ಕೋರ್ಟಿನ ಕರುಣೆ ಇಲ್ಲಿ ಕೆಲಸಕ್ಕೆ ಬರೋದು ಕಡಿಮೆ. ಆಂಧ್ರದಲ್ಲಿ ಒಂದು ಸಂಸ್ಥೆ ಅನುಮತಿ ಇಲ್ಲದೆ ಎಂಬಿಬಿಎಸ್‌ಗೆ ಮಕ್ಕಳನ್ನ ಸೇರಿಸಿಕೊಂಡಿತ್ತು. ನಮಗೆ ಪರೀಕ್ಷೆ ಬರೆಯೋಕಾದ್ರೂ ಬಿಡಿ ಅಂತ ವಿದ್ಯಾರ್ಥಿಗಳು ಕೇಳಿದ್ರು. 1986ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಮಾನ್ಯತೆ ಇಲ್ಲದ ಕಡೆ ಮಧ್ಯಂತರ ಆದೇಶದ ಮೇಲೆ ಮಕ್ಕಳನ್ನ ಸೇರಿಸಬೇಡಿ ಅಂತ ಆಮೇಲೂ ಹಲವು ಸಲ ಹೇಳಿದೆ.

ಹಾಗಂತ ಬಾಗಿಲು ಪೂರ್ತಿ ಮುಚ್ಚಿಲ್ಲ. 2019ರ ಕೃಷ್ಣ ಶ್ರದ್ಧಾ ತೀರ್ಪಿನ ಪ್ರಕಾರ, ಅರ್ಹ ಎಂಬಿಬಿಎಸ್ ಅಭ್ಯರ್ಥಿಗೆ ಅಧಿಕಾರಿಗಳ ತಪ್ಪಿನಿಂದಲೇ ಸೀಟು ತಪ್ಪಿದ್ರೆ, ಅವರು ತಡಮಾಡದೆ ಕೋರ್ಟಿಗೆ ಬಂದಿದ್ರೆ, ಅಪರೂಪದ ಸಂದರ್ಭದಲ್ಲಿ ಕೊನೇ ದಿನಾಂಕ ಮುಗಿದಮೇಲೂ ಸೀಟು ಕೊಡಿಸಬಹುದು, ಇಲ್ಲದಿದ್ರೆ ಮುಂದಿನ ವರ್ಷ. ಆದ್ರೆ ಇದು ಅನುಮತಿ ಇರೋ ಸೀಟಿನ ಮಾತು. ಅನುಮತಿಯೇ ಇಲ್ಲದ ಕೋರ್ಸಿಗೆ ಸೇರಿದವರಿಗೆ ಇದು ನೆರವಾಗಲ್ಲ.

ಈಗ ಕೌಂಟರ್‌ಗೆ ವಾಪಸ್ ಹೋಗೋಣ. ಅಪ್ರೂವಲ್ ಲೆಟರ್ ಕೇಳಿ, ಅದರಲ್ಲಿ ಈ ವರ್ಷದ ಹೆಸರು, ನಿಮ್ಮ ಕೋರ್ಸಿನ ಹೆಸರು, ಸೀಟಿನ ಸಂಖ್ಯೆ ಮೂರೂ ಇರಬೇಕು. ಕಳೆದ ವರ್ಷದ್ದು ಲೆಕ್ಕಕ್ಕಿಲ್ಲ. ಸಿಇಟಿ ಕೋರ್ಸ್ ಆಗಿದ್ರೆ ಕೆಇಎ ಸೀಟ್ ಮ್ಯಾಟ್ರಿಕ್ಸ್‌ನಲ್ಲಿ ಇದೆಯಾ ಹುಡುಕಿ. ಯಾವುದೇ ಕಾಗದದಲ್ಲಿ "ರಿಟ್ ಅರ್ಜಿಯ ಅಂತಿಮ ತೀರ್ಪಿಗೆ ಒಳಪಟ್ಟು" ಅಂತ ಕಂಡ್ರೆ ಅಲ್ಲೇ ನಿಲ್ಲಿ. ಕೋರ್ಟ್ ಆರ್ಡರ್ ಇದೆ ಅಂದ್ರೆ ಕೇಸ್ ನಂಬರ್ ಕೇಳಿ. ಹೈಕೋರ್ಟ್ ವೆಬ್‌ಸೈಟ್‌ನಲ್ಲಿ ಹಾಕಿದ್ರೆ ಕೇಸ್ ಎಲ್ಲಿಗೆ ಬಂದಿದೆ ಅಂತ ಮೊಬೈಲ್‌ನಲ್ಲೇ ಗೊತ್ತಾಗುತ್ತೆ. ನಂಬರ್ ಕೊಡೋಕೆ ಹಿಂದೆಮುಂದೆ ನೋಡಿದ್ರೆ, ಅವತ್ತು ಫೀಸ್ ಕಟ್ಟಬೇಡಿ.