ಮೃದುತ್ವದ ಮರ್ಮ

ಹಲ್ಲು ಮೂಡುವ ಕಾಲದಲ್ಲಿ ಕೂಸು ಕೈಗೆ ಸಿಕ್ಕಿದುದನ್ನೆಲ್ಲ ಬಾಯಿಗಿಟ್ಟು ಕಚ್ಚುತ್ತದೆ. ಅದಕ್ಕೆಂದು ಮಾಡಿದ ಎರಡು ಮೆತ್ತನೆಯ ಬಳೆಗಳನ್ನು ನಾವು ಪರೀಕ್ಷಿಸೋಣ. ಒಂದು ಪಿ.ವಿ.ಸಿ. ಪ್ಲಾಸ್ಟಿಕ್ಕಿನದು, ಇನ್ನೊಂದು ಸಿಲಿಕೋನ್ ರಬ್ಬರಿನದು. ಮುಟ್ಟಿದರೆ ಎರಡೂ ಒಂದೇ ಬಗೆ. ಆದರೆ ಅವುಗಳ ಮೃದುತ್ವಕ್ಕೆ ಕಾರಣ ಬೇರೆ ಬೇರೆ. ಸುರಕ್ಷತೆಯ ಪ್ರಶ್ನೆ ಅಡಗಿರುವುದು ಈ ಭೇದದಲ್ಲಿಯೇ.

ಪಿ.ವಿ.ಸಿ. ಸ್ವಭಾವತಃ ಗಡುಸಾದ ವಸ್ತು. ನೀರಿನ ಕೊಳವೆಗಳನ್ನು ಇದರಿಂದಲೇ ಮಾಡುತ್ತಾರೆ. ಸರಪಳಿಯಂಥ ಇದರ ಅಣುಗಳು ಒಂದನ್ನೊಂದು ಬಲವಾಗಿ ಆಕರ್ಷಿಸುವುದರಿಂದ, ಉಷ್ಣತೆ ಸುಮಾರು 80° ಸೆಂ. ಮುಟ್ಟುವವರೆಗೆ ಅವು ಸರಿದಾಡಲಾರವು. ಆದುದರಿಂದ ಥ್ಯಾಲೇಟ್ ಮೊದಲಾದ ಎಣ್ಣೆಯಂಥ ದ್ರವಗಳನ್ನು ಬೆರೆಸಿ ಅದನ್ನು ಮೆತ್ತಗೆ ಮಾಡುತ್ತಾರೆ. ಈ ದ್ರವದ ಸಣ್ಣ ಅಣುಗಳು ಸರಪಳಿಗಳ ನಡುವೆ ಸೇರಿ ಅವುಗಳ ಚಲನೆಗೆ ಎಡೆಮಾಡಿಕೊಡುತ್ತವೆ. ಆದರೆ ಸರಪಳಿಗೂ ಇವಕ್ಕೂ ರಾಸಾಯನಿಕ ಬಂಧವಿಲ್ಲ. ಕಾಲಕ್ರಮದಲ್ಲಿ ಇವು ಮೇಲ್ಮೈಗೆ ಬಂದು ಜೊಲ್ಲನ್ನೋ ಎಣ್ಣೆಯನ್ನೋ ಸೇರುತ್ತವೆ. ವಸ್ತು ಮೊದಲು ಜಿಗುಟಾಗಿ, ಕಡೆಗೆ ಗಡುಸಾಗಿ ಬಿರಿಯುತ್ತದೆ.

ಹೀಗೆ ಹೊರಬಂದುದು ನಿರಪಾಯವೇ? ಕೆಲವು ಥ್ಯಾಲೇಟುಗಳು ಗಂಡು ಇಲಿಮರಿಗಳ ಜನನಾಂಗಗಳ ಬೆಳವಣಿಗೆಯನ್ನು ಕುಂದಿಸುತ್ತವೆಂದು ಪ್ರಯೋಗಗಳು ತೋರಿಸಿವೆ. 1999ರಲ್ಲಿ ಐರೋಪ್ಯ ಒಕ್ಕೂಟವು, ಮೂರು ವರ್ಷದೊಳಗಿನ ಮಕ್ಕಳು ಬಾಯಿಗಿಡುವ ಆಟಿಕೆಗಳಲ್ಲಿ ಆರು ಥ್ಯಾಲೇಟುಗಳಿಗೆ ಶೇಕಡಾ 0.1ರ ಮಿತಿಯನ್ನು ವಿಧಿಸಿತು. ಅಮೆರಿಕವು 2008ರಲ್ಲಿ ಇಂಥದೇ ಶಾಸನವನ್ನು ಮಾಡಿತು.

ಸಿಲಿಕೋನಿನ ರೀತಿಯೇ ಬೇರೆ. ಅದರ ಸರಪಳಿಯಲ್ಲಿ ಸಿಲಿಕಾನ್ ಮತ್ತು ಆಮ್ಲಜನಕದ ಪರಮಾಣುಗಳು ಒಂದನ್ನೊಂದು ಅನುಸರಿಸಿ ಬರುತ್ತವೆ. ಈ ಬಂಧಗಳು ಸುಲಭವಾಗಿ ಬಾಗಿ ತಿರುಗಬಲ್ಲವು. ಅದು ಗಾಜಿನಂತೆ ಸೆಡೆಯಬೇಕಾದರೆ ಉಷ್ಣತೆ ಸುಮಾರು –120° ಸೆಂ.ಗೆ ಇಳಿಯಬೇಕು. ಮೃದುತ್ವವು ಅಣುವಿನಲ್ಲಿಯೇ ಇರುವುದರಿಂದ ಮೃದುಕಾರಿ ದ್ರವದ ಅಗತ್ಯವಿಲ್ಲ. ಕುದಿಯುವ ನೀರನ್ನು ಅದು ನಿರಾಯಾಸವಾಗಿ ತಾಳುವುದರಿಂದ ಕ್ರಿಮಿಶುದ್ಧಿಯೂ ಸುಲಭ. ಶರೀರದೊಳಗೆ ಇರಿಸುವ ನಳಿಕೆಗಳನ್ನೂ ಮುಟ್ಟಿನ ಬಟ್ಟಲುಗಳನ್ನೂ ಅದರಿಂದ ಮಾಡುವುದು ಈ ಗುಣಗಳಿಂದಲೇ.

ಹಾಗೆಂದು ಸಿಲಿಕೋನ್ ದೋಷರಹಿತವಲ್ಲ. ಚೂಪಾದುದು ತಗಲಿ ಸೀಳಿತೆಂದರೆ ಹರಿಯುತ್ತದೆ; ಸಿಲಿಕೋನ್ ತೈಲದಲ್ಲಿ ಉಬ್ಬುತ್ತದೆ. ತಯಾರಿಸುವಾಗ ಸರಿಯಾಗಿ ಹದಗೊಳಿಸದಿದ್ದರೆ ಅದರಿಂದಲೂ ಸಣ್ಣ ಅಣುಗಳು ಹೊರಬರುತ್ತವೆ.

ಕೊಳ್ಳುವಾಗ ನಾವು ಮಾಡಬೇಕಾದುದೇನು? ಕಟುವಾಸನೆ, ಜಿಡ್ಡು, ಬಿರುಕುಗಳಿರುವುದನ್ನು ಬಿಡಬೇಕು. ಆದರೆ ವಾಸನೆಯಿಲ್ಲದುದೆಲ್ಲ ಸುರಕ್ಷಿತವೆಂದು ನಂಬಲಾಗದು. ಏನನ್ನು ಬೆರೆಸಿದ್ದಾರೆಂಬುದನ್ನು ಪ್ರಯೋಗಾಲಯವಷ್ಟೇ ಹೇಳಬಲ್ಲದು. ನಮ್ಮ ದೇಶದಲ್ಲಿ 2021ರ ಜನವರಿ 1ರಿಂದ ಮಕ್ಕಳ ಆಟಿಕೆಗಳಿಗೆ ಐ.ಎಸ್.ಐ. ಮುದ್ರೆ ಕಡ್ಡಾಯವಾಗಿದೆ. ಬೆಲೆಯನ್ನು ಕೇಳುವ ಮೊದಲು ಆ ಮುದ್ರೆಯನ್ನು ಹುಡುಕುವುದು, ಯಾವ ವಸ್ತುವಿನಿಂದ ಮಾಡಿದುದೆಂದು ವಿಚಾರಿಸುವುದು ಒಳ್ಳೆಯ ಅಭ್ಯಾಸ.